ಮನೆಯಂಗಳದ ಮಾತು: ಹೊಸ ಪಂಚಾಂಗ ಬರೆದವರು



ಯುಗಾದಿಗೆ ಇನ್ನೂ ಹದಿನೈದು ದಿನಗಳಿರುವಾಗ ನನ್ನ ತಂಗಿಯೂ ಅವಳ ಮಗನೂ ತರೀಕೆರೆಯ ನಮ್ಮ ಮನೆಗೆ ಬಂದರು. ಹುಡುಗನು ಕಾಲೇಜಿನಲ್ಲಿ ಓದುತ್ತಿರುವವನು. ಊಟಕ್ಕೆ ಕರೆದರೂ ಕೇಳಿಸದಷ್ಟು ಓದುವ ಜಾತಿ. ಈ ಸಲ ಅವನ ಕೈಯಲ್ಲಿ ಒಂದು ದಪ್ಪನಾದ ನೋಟುಪುಸ್ತಕವಿದ್ದಿತು. ಅದರಲ್ಲಿ ತಾನೊಂದು ದೊಡ್ಡ ಕಥೆಯನ್ನು ಬರೆಯುತ್ತಿರುವುದಾಗಿಯೂ, ಆ ಕಥೆ ನಡೆಯುವ ದೇಶವು ಯಾವ ಭೂಪಟದಲ್ಲಿಯೂ ಇಲ್ಲವೆಂದೂ, ಅಲ್ಲಿಯ ನದಿ, ಬೆಟ್ಟ, ರಾಜವಂಶ, ನಾಣ್ಯ ಎಲ್ಲವೂ ತನ್ನ ಕಲ್ಪನೆಯೇ ಎಂದೂ ಹೇಳಿದನು.

“ಆ ದೇಶಕ್ಕೆ ಪಂಚಾಂಗವನ್ನೂ ಮಾಡಿಬಿಟ್ಟಿದ್ದೇನೆ, ಮಾವ. ಹನ್ನೆರಡು ತಿಂಗಳು, ತಿಂಗಳಿಗೆ ಸರಿಯಾಗಿ ಮೂವತ್ತು ದಿನ, ವರ್ಷಕ್ಕೆ 360. ಹೆಸರುಗಳೆಲ್ಲ ಹೊಸವು. ನಮ್ಮ ಪಂಚಾಂಗದ ಹಾಗೆ ಅಧಿಕಮಾಸ, ಕ್ಷಯಮಾಸ ಎಂಬ ತೊಡಕು ಒಂದೂ ಇಲ್ಲ.”

ಮೊರದಲ್ಲಿ ಅಕ್ಕಿ ಆರಿಸುತ್ತ ಕುಳಿತಿದ್ದ ತಂಗಿಯು ತಲೆಯೆತ್ತದೆಯೇ, “ಹಾಗಾದರೆ ನಿನ್ನ ದೇಶದಲ್ಲಿ ನಾನು ಹುಟ್ಟುವ ಹಾಗೇ ಇಲ್ಲವೆನ್ನು” ಎಂದಳು.

ಹುಡುಗನಿಗೆ ಅರ್ಥವಾಗಲಿಲ್ಲ. ಇಪ್ಪತ್ತು ವರ್ಷ ಅವಳ ಕೈಯಡುಗೆ ಉಂಡವನಿಗೆ ತಾಯಿ ಹುಟ್ಟಿದ ತಿಂಗಳು ಯಾವುದೆಂಬುದು ತಿಳಿಯದು. ತಿಳಿಯದಿದ್ದುದರಲ್ಲಿ ಅವನ ತಪ್ಪೂ ಅಷ್ಟಾಗಿ ಇಲ್ಲ. ಅವಳು 1974ರ ಆನಂದ ಸಂವತ್ಸರದಲ್ಲಿ, ಅಧಿಕ ಭಾದ್ರಪದದಲ್ಲಿ ಹುಟ್ಟಿದವಳು. ಆ ತಿಂಗಳು ಮತ್ತೆ ಬಂದದ್ದು 1993ರಲ್ಲಿ. ಅದರ ಮೇಲೆ 2012ರಲ್ಲಿ. ನಡುವಿನ ವರ್ಷಗಳಲ್ಲಿ ನಮ್ಮ ತಾಯಿಯವರು ನಿಜ ಭಾದ್ರಪದದ ಅದೇ ತಿಥಿಯಲ್ಲಿ ಒಂದು ಪಾಯಸ ಮಾಡಿ ತೃಪ್ತಿಪಡುತ್ತಿದ್ದರು. ಶಾಲೆಗೆ ಸೇರಿಸುವ ದಿನ ತಂದೆಯವರು ತಿಥಿಯನ್ನು ಹೇಳಿದಾಗ ಅಲ್ಲಿದ್ದವರು ಲೆಕ್ಕ ಹಾಕುವ ಗೋಜಿಗೆ ಹೋಗದೆ ಜೂನ್ ತಿಂಗಳ ಒಂದನೆಯ ತಾರೀಖನ್ನು ಬರೆದುಕೊಂಡರು. ಇಂದಿಗೂ ಅವಳ ಕಾಗದಪತ್ರಗಳಲ್ಲೆಲ್ಲ ಆ ತಾರೀಖೇ ಉಂಟು. ಹೀಗೆ ಅವಳಿಗೆ ಹುಟ್ಟುಹಬ್ಬಗಳು ಎರಡು, ಎರಡೂ ಅವಳದಲ್ಲ. ಇದನ್ನು ಅವಳು ದೂರಾಗಿ ಹೇಳಿದವಳಲ್ಲ; ಆದರೆ ಅಂದು ಮೊರವನ್ನು ಕೊಡವಿದ ರೀತಿಯಲ್ಲಿ ಏನೋ ಇದ್ದಿತು.

ನಾನು ಹುಡುಗನ ಲೆಕ್ಕವನ್ನು ಹಿಡಿದೆನು. ಸೂರ್ಯನ ವರ್ಷಕ್ಕೆ 365 ದಿನಗಳೂ ಸುಮಾರು ಕಾಲು ದಿನವೂ ಉಂಟು. ಅವನ ವರ್ಷವು ಅದಕ್ಕಿಂತ ಐದೂಕಾಲು ದಿನ ಗಿಡ್ಡ. ಮಾವು ಚಿಗುರುವ ಕಾಲದ ಹೊಸವರ್ಷದಂದು ಅವನ ಕಥೆಯ ರಾಜಕುಮಾರನಿಗೆ ಪಟ್ಟವಾಯಿತೆನ್ನೋಣ. ಮೂವತ್ತೈದು ವರ್ಷ ಆಳುವಷ್ಟರಲ್ಲಿ ಆ ಹೊಸವರ್ಷವು ಜಾರುತ್ತ ಜಾರುತ್ತ ಅರ್ಧ ವರ್ಷ ಹಿಂದಕ್ಕೆ ಸರಿದು, ಮಳೆಗಾಲ ಮುಗಿಯುವ ಸಮಯದಲ್ಲಿ ಬಂದು ನಿಲ್ಲುವುದು. ಬೇವಿನ ಹೂ ಎಲ್ಲಿಂದ ತರುವುದು?

“ನನ್ನ ಲೋಕದ ಸೂರ್ಯನಿಗೆ 360 ದಿನವೇ ಸಾಕು, ಮಾವ. ಚಂದ್ರನಿಗೂ ಸರಿಯಾಗಿ ಮೂವತ್ತೇ” ಎಂದನು. ಒಪ್ಪತಕ್ಕ ಮಾತೇ, ಲೋಕವು ಅವನದು. ಆದರೆ ಹಾಗಿದ್ದ ಪಕ್ಷದಲ್ಲಿ ಹುಣ್ಣಿಮೆಯು ಯಾವಾಗಲೂ ಹದಿನೈದಕ್ಕೇ, ಹಬ್ಬವು ಯಾವಾಗಲೂ ಅದೇ ದಿನಕ್ಕೇ. ಆ ಊರಿನಲ್ಲಿ ಜೋಯಿಸರಿಗೆ ಕೆಲಸವೇ ಇಲ್ಲ, ಪಂಚಾಂಗವನ್ನು ಕೊಳ್ಳುವವರೂ ಇಲ್ಲ. ನಮ್ಮ ಚಂದ್ರನು ಇಪ್ಪತ್ತೊಂಬತ್ತೂವರೆ ದಿನಕ್ಕೆ ಚೂರು ಹೆಚ್ಚಾಗಿ ಒಂದು ಸುತ್ತು ಮುಗಿಸುವುದರಿಂದಲೂ, ಅಂತಹ ಹನ್ನೆರಡು ಸುತ್ತುಗಳು ಸೂರ್ಯನ ವರ್ಷಕ್ಕೆ ಹನ್ನೊಂದು ದಿನ ಸಾಲದೆ ಹೋಗುವುದರಿಂದಲೂ ಅಲ್ಲವೇ ಈ ವಿದ್ಯೆಯೆಲ್ಲ ಹುಟ್ಟಿದ್ದು? ಸಾಲದ ಆ ದಿನಗಳನ್ನು ಕೂಡಿಟ್ಟು, ಸಂಕ್ರಮಣವಿಲ್ಲದ ಚಾಂದ್ರಮಾಸವನ್ನು ಅಧಿಕವೆಂದು ಕರೆದು, ಹತ್ತೊಂಬತ್ತು ವರ್ಷಗಳಲ್ಲಿ ಏಳು ತಿಂಗಳುಗಳನ್ನು ಹೆಚ್ಚಾಗಿ ಸೇರಿಸಿ ನಮ್ಮ ಹಿರಿಯರು ಸೂರ್ಯಚಂದ್ರರ ವ್ಯಾಜ್ಯವನ್ನು ತೀರಿಸಿದರು. ಹುಡುಗನು ಸುಮ್ಮನಾದನು, ಒಪ್ಪಿದನೆಂದಲ್ಲ.

ಮರುದಿನ ಅವನನ್ನು ಅಮೃತಾಪುರಕ್ಕೆ ಕರೆದುಕೊಂಡು ಹೋದೆನು. ಅಲ್ಲಿಯ ಅಮೃತೇಶ್ವರ ದೇವಾಲಯವನ್ನು ವೀರಬಲ್ಲಾಳನ ದಂಡನಾಯಕನಾದ ಅಮೃತೇಶ್ವರನು 1196ರಲ್ಲಿ ಕಟ್ಟಿಸಿದನು. ಮುಂದೆ ಬಹು ಪ್ರಸಿದ್ಧಿಗೆ ಬಂದ ರೂವಾರಿ ಮಲ್ಲಿತಮ್ಮನು ಕೈ ಪಳಗಿಸಿಕೊಂಡದ್ದು ಈ ಗುಡಿಯ ಭುವನೇಶ್ವರಿಗಳಲ್ಲಿ. ಕವಿ ಜನ್ನನು ರಚಿಸಿದ ಶಾಸನದ ಕಲ್ಲೂ ಅಲ್ಲಿಯೇ ಉಂಟು. ತೆರೆದ ಮಂಟಪದ ಕೈಪಿಡಿಗೋಡೆಯ ಸುತ್ತ ಕಥೆಗಳನ್ನು ಕೊರೆದಿದ್ದಾರೆ: ಉತ್ತರದ ಕಡೆ ಕೃಷ್ಣನ ಲೀಲೆಗೆ 25 ಫಲಕ, ಭಾರತಕ್ಕೆ 45, ದಕ್ಷಿಣದ ಕಡೆ ರಾಮಾಯಣಕ್ಕೆ 70. ಉತ್ತರದ ಕಥೆಗಳು ವಾಡಿಕೆಯಂತೆ ಪ್ರದಕ್ಷಿಣವಾಗಿ ಸಾಗುತ್ತವೆ; ರಾಮಾಯಣವು ಮಾತ್ರ ಅಪ್ರದಕ್ಷಿಣವಾಗಿ ನಡೆಯುತ್ತದೆ. ಹುಡುಗನು ಬಲಗಡೆಯಿಂದ ಓದಲು ಹೋಗಿ ಪಟ್ಟಾಭಿಷೇಕದಿಂದ ಪುತ್ರಕಾಮೇಷ್ಟಿಯ ಕಡೆಗೆ ನಡೆದು ನಗುತ್ತ ಹಿಂದಿರುಗಿದನು.

ಗುಡಿಗೆ ಎಷ್ಟು ವರ್ಷವಾಯಿತೆಂಬ ಲೆಕ್ಕ ಬಂದಾಗ ನಾನು ಸಂವತ್ಸರಗಳ ದಾರಿ ಹಿಡಿದೆನು. 1196ರ ಯುಗಾದಿಯಿಂದ ಮೊದಲಾದ ವರ್ಷವು ಅರವತ್ತರಲ್ಲಿ ಐವತ್ತನೆಯದಾದ ನಳ. ಅಲ್ಲಿಂದ ಎರಡು ಸುತ್ತು ಹಿಂದಕ್ಕೆ ಹೋದರೆ 1076; ಅದೂ ನಳವೇ. ಕಲ್ಯಾಣದ ಆರನೆಯ ವಿಕ್ರಮಾದಿತ್ಯನು ಪಟ್ಟವೇರಿ, ಬಹು ಕಾಲದಿಂದ ನಡೆದು ಬಂದಿದ್ದ ಶಕವರ್ಷದ ಎಣಿಕೆಯನ್ನು ಬದಿಗಿಟ್ಟು, ತನ್ನ ಹೆಸರಿನಲ್ಲಿ ಚಾಲುಕ್ಯ ವಿಕ್ರಮ ವರ್ಷವನ್ನು ಒಂದರಿಂದ ಎಣಿಸಲು ತೊಡಗಿದುದು ಆ ನಳದಲ್ಲಿ. ಅವನು 1126ರಲ್ಲಿ ಕಾಲವಾದ ಮೇಲೆಯೂ ಕೆಲವು ಕಾಲ ಶಾಸನಗಳಲ್ಲಿ ಆ ಎಣಿಕೆ ನಡೆಯಿತು, ಆಮೇಲೆ ನಿಂತಿತು. ಶಕವರ್ಷವು ತನ್ನ ಪೀಠಕ್ಕೆ ಮರಳಿತು. ಎಣಿಕೆಯನ್ನು ಬದಲಿಸಿದವನೂ ನಳವನ್ನು ನಳವೆಂದೇ, ಚೈತ್ರವನ್ನು ಚೈತ್ರವೆಂದೇ ಬರೆಯಿಸಿದನು.

ಇನ್ನು 1196ರಿಂದ ಮುಂದಕ್ಕೆ ಹತ್ತು ಸುತ್ತು ಬಂದರೆ 1796, ಮತ್ತೆ ನಳ. ಆಗ ಈ ಸೀಮೆಯೂ ಶ್ರೀರಂಗಪಟ್ಟಣದ ಆಡಳಿತಕ್ಕೆ ಸೇರಿತ್ತು. ಆದರೆ ಅಲ್ಲಿಯ ದಫ್ತರದಲ್ಲಿ ಆ ವರ್ಷವನ್ನು ನಳವೆಂದು ಕರೆಯುತ್ತಿರಲಿಲ್ಲ, ‘ಹಿರಾಸತ್’ ಎನ್ನುತ್ತಿದ್ದರು.

ಹುಡುಗನು ಗುಡಿಯ ಜಗಲಿಯ ಮೇಲೆ ಕುಳಿತುಬಿಟ್ಟನು. ಕಲ್ಪಿತ ಪಂಚಾಂಗಗಳು ಕಥೆಗಾರರ ನೋಟುಪುಸ್ತಕದಲ್ಲಿ ಮಾತ್ರ ಇರುವುವೆಂದು ಅವನು ತಿಳಿದಿದ್ದನು. ತನ್ನ ನಾಡಿನಲ್ಲಿಯೇ ಒಂದು ಆಗಿ ಹೋಗಿ, ಅದರ ಲೆಕ್ಕದಲ್ಲಿ ಕಂದಾಯವೂ ನಾಣ್ಯವೂ ನಡೆದಿದ್ದುವೆಂಬುದು ಅವನಿಗೆ ಹೊಸ ಸಂಗತಿ. ಬಹುಮಂದಿ ವಾಚಕರಿಗೂ ಹೊಸದಾಗಿರಬಹುದೆಂದು ಇಲ್ಲಿ ಸ್ವಲ್ಪ ವಿಸ್ತಾರವಾಗಿ ಬರೆಯುತ್ತೇನೆ. ಅರಸನ ಗುಣದೋಷಗಳ ಚರ್ಚೆ ಈ ಪುಟಕ್ಕೆ ಬೇಡ. ಅವನ ಪಂಚಾಂಗದ ಮಾತಷ್ಟೇ ಸಾಕು.

ಟೀಪು ಸುಲ್ತಾನನು 1782ರಲ್ಲಿ ಅಧಿಕಾರಕ್ಕೆ ಬಂದನು. ಅವನ ಮತದವರ ಹಿಜರಿ ವರ್ಷವು ಕೇವಲ ಚಂದ್ರನದು. 354 ದಿನಗಳಿಗೆ ಮುಗಿಯುವುದು. ಅದಕ್ಕೆ ಹೆಚ್ಚಿನ ತಿಂಗಳೆಂಬುದು ಇಲ್ಲ. ಆದುದರಿಂದ ಅದು ಋತುಗಳೊಡನೆ ನಿಲ್ಲದೆ ಸುಮಾರು 33 ವರ್ಷಗಳಲ್ಲಿ ಒಂದು ಪೂರ್ಣ ವರ್ಷದಷ್ಟು ಸರಿಯುವುದು. ವ್ರತಕ್ಕೂ ಪ್ರಾರ್ಥನೆಗೂ ಅದರಿಂದ ಬಾಧಕವಿಲ್ಲ. ಆದರೆ ಕಂದಾಯವು ತೆನೆಯನ್ನು ನೋಡಿಕೊಂಡು ಬರತಕ್ಕದ್ದು. ರಾಗಿ ಕಣಕ್ಕೆ ಬರುವ ಮುನ್ನ ಕಂತು ಕೇಳಿದರೆ ರೈತನು ಏನನ್ನು ಕೊಟ್ಟಾನು? ಆದ್ದರಿಂದ ಟೀಪುವು ನಮ್ಮ ಚಾಂದ್ರಮಾನ ಪಂಚಾಂಗದ ಕಟ್ಟನ್ನೇ ಹಾಗೆಯೇ ಇಟ್ಟುಕೊಂಡನು: ಯುಗಾದಿಗೆ ವರ್ಷಾರಂಭ, ಹನ್ನೆರಡು ಚಾಂದ್ರಮಾಸ, ಬೇಕಾದಾಗ ಒಂದು ಹೆಚ್ಚಿನ ತಿಂಗಳು, ಅರವತ್ತು ಸಂವತ್ಸರಗಳ ಚಕ್ರ. ಬದಲಿಸಿದುದು ಹೆಸರುಗಳನ್ನು.

ಹೆಸರಿಟ್ಟ ಕ್ರಮವು ಬಹು ಚಮತ್ಕಾರವಾದುದು. ಅರಬ್ಬೀ ಅಕ್ಷರಗಳಿಗೆ ಸಂಖ್ಯೆಯ ಬೆಲೆಯುಂಟು. ನಮ್ಮಲ್ಲಿಯೂ ಕಟಪಯಾದಿಯೆಂಬುದಿಲ್ಲವೇ? ಸಂಗೀತ ಬಲ್ಲ ಗೃಹಿಣಿಯರಿಗೆ ಇದನ್ನು ಹೇಳಬೇಕಾದುದಿಲ್ಲ: ಧೀರಶಂಕರಾಭರಣದಲ್ಲಿ ಧಕಾರಕ್ಕೆ ಒಂಬತ್ತು, ರಕಾರಕ್ಕೆ ಎರಡು, ಹಿಂದುಮುಂದಾಗಿ ಓದಿದರೆ 29ನೆಯ ಮೇಳ. ಟೀಪುವಿನ ಹನ್ನೆರಡು ತಿಂಗಳುಗಳ ಹೆಸರುಗಳೂ ಇಂತಹವೇ. ಮೊದಲನೆಯದು ಅಹ್ಮದಿ, ಎರಡನೆಯದು ಬಹಾರಿ. ಮೊದಲ ಹತ್ತು ತಿಂಗಳುಗಳಲ್ಲಿ ಮೊದಲಕ್ಷರದ ಬೆಲೆಯೇ ತಿಂಗಳಿನ ಸಂಖ್ಯೆ. ಸಂವತ್ಸರಗಳಲ್ಲಿಯಾದರೋ ಹೆಸರಿನ ಅಕ್ಷರಗಳನ್ನೆಲ್ಲ ಕೂಡಿದರೆ ಚಕ್ರದಲ್ಲಿ ಅದು ಎಷ್ಟನೆಯ ವರ್ಷವೆಂಬುದು ಬರಬೇಕು. 1784ರ ಕ್ರೋಧಿಯು 38ನೆಯದು. ಅದಕ್ಕೆ ‘ಅಜಲ್’: ಒಂದು, ಏಳು, ಮೂವತ್ತು.

ಇಷ್ಟಕ್ಕೆ ನಿಂತಿದ್ದರೆ ಜನ ಕಲಿತುಕೊಳ್ಳುತ್ತಿದ್ದರೋ ಏನೋ. 1787ರಲ್ಲಿ ಟೀಪುವು ತನ್ನ ಪಂಚಾಂಗವನ್ನು ತಾನೇ ತಿದ್ದಿದನು. ಹಿಜರಿಯ ಬದಲು ಪ್ರವಾದಿಯವರ ಜನನದಿಂದ ಎಣಿಸುವ ಮೌಲೂದಿ ವರ್ಷ ಬಂದಿತು. ನಾಣ್ಯಗಳ ಮೇಲೆ 1201ರ ತರುವಾಯ ಒಮ್ಮೆಗೇ 1215 ಕಾಣಿಸಿತು. ಅದನ್ನು ಬಲದಿಂದ ಎಡಕ್ಕೆ ಬರೆಯಿಸಿದುದರಿಂದ, ಆನೆಯ ಚಿತ್ರದ ತಾಮ್ರದ ಕಾಸಿನ ಮೇಲೆ 1224 ಎಂಬುದು 4221 ಎಂದು ತೋರುವುದು. ಇದಲ್ಲದೆ ಅಕ್ಷರಗಳ ಬೆಲೆಯ ಕ್ರಮವನ್ನೂ ಬದಲಿಸಿ, ಮಕ್ಕಳು ವರ್ಣಮಾಲೆಯಲ್ಲಿ ಕಲಿಯುವ ಕ್ರಮಕ್ಕೆ ತಂದನು. ಹೀಗಾಗಿ ತಿಂಗಳುಗಳ ಸಾಲು ಅಹ್ಮದಿ, ಬಹಾರಿ, ತಕಿ, ಸಮರಿ, ಜಾಫರಿ, ಹೈದರಿ, ಖುಸ್ರವಿ, ದೀನಿ, ಜಾಕಿರಿ, ರಹಮಾನಿ, ರಾಜಿ, ರಬ್ಬಾನಿ ಎಂದಾಯಿತು.

ಇದರ ಫಲವನ್ನು ನೋಡಿರಿ. ಜಾಫರಿಯೆಂಬ ಹೆಸರು ಮೊದಲ ಪಟ್ಟಿಯಲ್ಲಿಯೂ ಇತ್ತು. ಆದರೆ ಅಲ್ಲಿ ಅದು ಮೂರನೆಯದು, ಎಂದರೆ ಜ್ಯೇಷ್ಠ. ಹೊಸ ಪಟ್ಟಿಯಲ್ಲಿ ಐದನೆಯದು, ಶ್ರಾವಣ. ಹೈದರಿಯು ಹಿಂದೆ ಎಂಟನೆಯ ಕಾರ್ತಿಕ. ಈಗ ಆರನೆಯ ಭಾದ್ರಪದ. ಹಳೆಯ ಕಾಗದವೊಂದರಲ್ಲಿ ‘ಹೈದರಿ ಹತ್ತನೆಯ ದಿನ’ ಎಂದಿದ್ದರೆ ಅದು ಯಾವ ಪಟ್ಟಿಯ ಹೈದರಿಯೆಂಬುದು ತಿಳಿಯದೆ ಎರಡು ತಿಂಗಳ ವ್ಯತ್ಯಾಸ ಬೀಳುವುದು. ಸಾಲದ ವಾಯಿದೆಯಾದರೆ ಬಡ್ಡಿಯ ಪ್ರಶ್ನೆ! ಟೀಪುವಿನ ಪತ್ರಗಳನ್ನು ಇಂಗ್ಲಿಷಿಗೆ ತಂದು 1811ರಲ್ಲಿ ಪ್ರಕಟಿಸಿದ ಕರ್ಕ್‌ಪ್ಯಾಟ್ರಿಕ್ ಎಂಬ ಸೇನಾಧಿಕಾರಿಯು ಈ ಪಂಚಾಂಗದ ಗಂಟನ್ನು ಬಿಡಿಸಲು ಬಹಳ ಶ್ರಮಪಟ್ಟಿದ್ದಾನೆ.

ಸಂವತ್ಸರಗಳ ಹೆಸರುಗಳಾದರೋ ಕವಿಯ ಕೈಗೆ ಸಿಕ್ಕಿದ್ದರೆ ಸಂತೋಷಪಡುವಂತಹವು. 43ನೆಯ ಸೌಮ್ಯಕ್ಕೆ ‘ಸರಾಬ್’, ಎಂದರೆ ಬಿಸಿಲ್ಗುದುರೆ. ವಿರೋಧಿಕೃತಿಗೆ ‘ಜಬರ್ಜದ್’, ಒಂದು ಹಸುರು ರತ್ನ. ನಳದ ‘ಹಿರಾಸತ್’ ಎಂದರೆ ಕಾವಲು. 53ನೆಯ ಸಿದ್ಧಾರ್ಥಿಗೆ ಬಿದ್ದ ಹೆಸರು ‘ಬಾರಿಶ್’, ಮಳೆ. ಆ ವರ್ಷವು 1799ರ ಯುಗಾದಿಗೆ ಬಂದಿತು. ಕಾವೇರಿಗೆ ಪ್ರವಾಹ ಬಂದರೆ ಮುತ್ತಿಗೆ ಹಾಕಿದವರು ಹಿಂದೆಗೆಯಬೇಕಾಗುವುದೆಂದು ಶ್ರೀರಂಗಪಟ್ಟಣದ ಕೋಟೆಯೊಳಗಿನವರ ಆಸೆ. ಅದಕ್ಕೆ ಮುಂಚೆ ಕೆಲಸ ಮುಗಿಸಬೇಕೆಂದು ಹೊರಗಿನವರ ಆತುರ. ಮೇ 4ರಂದು ಕೋಟೆ ಬಿದ್ದಿತು, ಸುಲ್ತಾನನೂ ಮಡಿದನು. ಮಳೆಯೆಂಬ ಹೆಸರಿನ ವರ್ಷಕ್ಕೆ ಆಗ ಇನ್ನೂ ಒಂದೇ ತಿಂಗಳು. ಚೈತ್ರ ಮುಗಿಯುತ್ತಲಿತ್ತು, ಮುಂಗಾರು ಬಂದಿರಲಿಲ್ಲ. ಆ ಪಂಚಾಂಗವೂ ಅಲ್ಲಿಗೆ ಮುಗಿಯಿತು.

ಹುಡುಗನು ಬಹಳ ಹೊತ್ತು ಮಾತನಾಡಲಿಲ್ಲ. ಆಮೇಲೆ, “ರಾಜನೊಬ್ಬನು ಇಟ್ಟ ಹೆಸರು ನಿಲ್ಲುವುದೇ ಇಲ್ಲವೋ?” ಎಂದು ಕೇಳಿದನು. ನಿಲ್ಲುವುದಿಲ್ಲವೆಂದು ಹೇಗೆ ಹೇಳಲಿ? ಅಮೃತಾಪುರದಿಂದ ತಿರುಗಿದರೆ ಅದೇ ಸೀಮೆಯಲ್ಲಿ ಅಜ್ಜಂಪುರವಿದೆ, ಅಲ್ಲಿ ಅಮೃತಮಹಲ್ ತಳಿಯ ದನಗಳ ಸಾಕಣೆಯ ಕೇಂದ್ರವಿದೆ. ಮೈಸೂರು ಅರಸರ ಕಾಲದಲ್ಲಿ ‘ಬೆಣ್ಣೆ ಚಾವಡಿ’ಯೆನಿಸಿದ್ದ ಆ ದನಗಳ ಇಲಾಖೆಗೆ ಅಮೃತಮಹಲ್ ಎಂಬ ಹೆಸರಿಟ್ಟವನು ಟೀಪುವೇ. (ಅಮೃತಾಪುರದ ಅಮೃತಕ್ಕೂ ಇದಕ್ಕೂ ನಂಟಿಲ್ಲ, ಊರಿನದು ದಂಡನಾಯಕನ ಹೆಸರು.) ಮೈಸೂರಿನಲ್ಲಿ ನಜರ್‌ಬಾದೂ ಉಳಿದಿದೆ. ದನದ ಹೆಸರನ್ನು ದನ ಕಾಯುವವನು ದಿನವೂ ಬಾಯಲ್ಲಿ ಆಡಿದನು. ಅಹ್ಮದಿ ಬಹಾರಿಗಳು ದಫ್ತರದಿಂದ ಹೊರಟು ಅಡಿಗೆಮನೆಯ ಹೊಸ್ತಿಲನ್ನು ದಾಟಲಿಲ್ಲವೆಂದು ನನಗೆ ತೋರುತ್ತದೆ. ಗೌರಿಗೆ ಬಾಗಿನ ಕೊಡುವವಳು ಅದನ್ನು ಭಾದ್ರಪದವೆಂದೇ ಅಂದಿರಬೇಕು.

ಅದೇ ಕಾಲಕ್ಕೆ ದೂರದ ಫ್ರಾನ್ಸ್ ದೇಶದಲ್ಲಿ ನಮ್ಮ ಹುಡುಗನದೇ ಪಂಚಾಂಗವನ್ನು ಜಾರಿಗೆ ತಂದಿದ್ದರೆಂಬುದು ವಿನೋದದ ಸಂಗತಿ. ಕ್ರಾಂತಿಯಾದ ಮೇಲೆ 1793ರಲ್ಲಿ ಅವರು ಹನ್ನೆರಡು ತಿಂಗಳಿಗೂ ಮೂವತ್ತು ಮೂವತ್ತು ದಿನಗಳನ್ನು ಹಂಚಿ, ಉಳಿದ ಐದಾರು ದಿನಗಳನ್ನು ಕೊನೆಗೆ ಇಟ್ಟು, ವಾರಕ್ಕೆ ಹತ್ತು ದಿನ ಮಾಡಿದರು. ಮಂಜು, ಹಿಮ, ಹೂ, ಸುಗ್ಗಿ ಎಂದು ತಿಂಗಳುಗಳಿಗೆ ಚೆಂದದ ಹೆಸರಿಟ್ಟವನು ಒಬ್ಬ ಕವಿ. 1794ರಲ್ಲಿ ಅವನ ತಲೆಯನ್ನೇ ತೆಗೆದರು, ತಿಂಗಳುಗಳ ಕಾರಣಕ್ಕಲ್ಲ. ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ವಿಶ್ರಾಂತಿಯು ಹತ್ತು ದಿನಕ್ಕೆ ಹೋದದ್ದನ್ನು ಕೂಲಿಯವನು ಹೇಗೆ ಮೆಚ್ಚುವನು? 1806ರ ಮೊದಲ ದಿನದಿಂದ ಅದನ್ನು ಬಿಟ್ಟರು.

ನಮ್ಮ ಸ್ವತಂತ್ರ ಭಾರತವೂ ಒಂದು ಪಂಚಾಂಗವನ್ನು ಮಾಡಿಕೊಂಡಿತು. ದೇಶದಲ್ಲಿ ಮೂವತ್ತರಷ್ಟು ಬಗೆಯ ಪಂಚಾಂಗಗಳಿರುವುದನ್ನು ಕಂಡು, ವಿಜ್ಞಾನಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯ ಸಮಿತಿಯು ವಿಚಾರಮಾಡಿ 1955ರಲ್ಲಿ ವರದಿಯನ್ನು ಕೊಟ್ಟಿತು. 1957ರ ಮಾರ್ಚ್ 22ರಂದು ಶಕ 1879ರ ಚೈತ್ರ 1 ಎಂದು ರಾಷ್ಟ್ರೀಯ ಪಂಚಾಂಗವು ಮೊದಲಾಯಿತು. ಬಹು ಶುದ್ಧವಾದ ಸೌರ ಲೆಕ್ಕ. ಅಧಿಕಮಾಸವಿಲ್ಲ, ಚೈತ್ರದಿಂದ ಫಾಲ್ಗುನದವರೆಗೆ ಹಳೆಯ ಹೆಸರುಗಳೇ. ಟೀಪುವು ಕಟ್ಟನ್ನು ಇಟ್ಟುಕೊಂಡು ಹೆಸರನ್ನು ಬದಲಿಸಿದನು. ಇವರು ಹೆಸರನ್ನು ಇಟ್ಟುಕೊಂಡು ಕಟ್ಟನ್ನು ಬದಲಿಸಿದರು. ಸರಕಾರದ ರಾಜಪತ್ರದ ಮೇಲೆ ಆ ತಾರೀಖು ಅಚ್ಚಾಗುತ್ತಿದೆ. ಆದರೆ ಗೋಡೆಗೆ ತೂಗುಹಾಕಿದ ನಮ್ಮ ಕ್ಯಾಲೆಂಡರಿನಲ್ಲಿ ಗೃಹಿಣಿಯು ಹುಡುಕುವುದು ಇಂಗ್ಲಿಷ್ ತಾರೀಖನ್ನು, ಅದರ ಕೆಳಗಿನ ತಿಥಿಯನ್ನು. ಒಂದು ಸಂಬಳಕ್ಕೆ, ಒಂದು ಹಬ್ಬಕ್ಕೆ. ಮೂರನೆಯದನ್ನು ಯಾವುದಕ್ಕೆಂದು ನೋಡುವುದು?

ಸಂಜೆ ಮನೆಗೆ ಬರುವಷ್ಟರಲ್ಲಿ ಹುಡುಗನು ದಾರಿಯುದ್ದಕ್ಕೂ ಬೆರಳೆಣಿಸುತ್ತಿದ್ದನು. ಒಳಗೆ ಬಂದವನೇ ತಾಯಿಯ ಎದುರಿಗೆ ಕುಳಿತು, “ಅಮ್ಮ, ಆನಂದ ಸಂವತ್ಸರವು ನಲವತ್ತೆಂಟನೆಯದು, ಟೀಪುವಿನ ಲೆಕ್ಕದಲ್ಲಿ ಅದು ರಾಸಿಖ್. ಭಾದ್ರಪದವೆಂದರೆ ಹೈದರಿ. ನೀನು ಹುಟ್ಟಿದ್ದು ರಾಸಿಖ್ ವರ್ಷದ ಅಧಿಕ ಹೈದರಿಯಲ್ಲಿ!” ಎಂದನು.

“ಅಧಿಕವನ್ನು ಬಿಡಲಿಲ್ಲವಷ್ಟೆ ಆ ದೊರೆ?” ಎಂದು ತಂಗಿಯು ಕೇಳಿದಳು. “ನಿನಗಿಂತ ವಾಸಿ.”

ರಾತ್ರಿ ಊಟವಾದ ಮೇಲೆ ಅವನು ಪಂಚಾಂಗವನ್ನು ಬರೆದಿದ್ದ ಹಾಳೆಗಳನ್ನು ಹರಿದುದನ್ನು ನಾನೇ ಕಂಡೆನು. ಆಮೇಲೆ ತಾಯಿಯ ಬಳಿ ಕುಳಿತು, ಅಧಿಕಮಾಸದಲ್ಲಿ ಏನೇನು ಮಾಡುತ್ತಾರೆ, ಏನೇನು ಮಾಡುವುದಿಲ್ಲ, ಮೂವತ್ತಮೂರು ಕಜ್ಜಾಯದ ದಾನವನ್ನು ಯಾರಿಗೆ ಕೊಡುತ್ತಾರೆ, ಆ ತಿಂಗಳಿನ ಮಗುವಿಗೆ ಊರವರು ಏನೆನ್ನುತ್ತಾರೆ ಎಂದು ಒಂದೊಂದಾಗಿ ಕೇಳಿ ಬರೆದುಕೊಂಡನು. ಅವಳೂ ಬೇಸರಪಡದೆ ಹನ್ನೊಂದು ಗಂಟೆಯವರೆಗೆ ಹೇಳಿದಳು. ಅಧಿಕ ಭಾದ್ರಪದವು ಇನ್ನು 2031ರಲ್ಲಿ ಬರುವುದೆಂದು ನಾನು ನೋಡಿ ಹೇಳಿದಾಗ ಅದನ್ನೂ ಗುರುತು ಹಾಕಿಕೊಂಡನು. ಕಥೆಯ ಪುಸ್ತಕದಲ್ಲಲ್ಲ, ತನ್ನ ಫೋನಿನಲ್ಲಿ.

ಯುಗಾದಿ ಕಳೆದ ಮೇಲೆ ಅವನಿಂದ ಒಂದು ಕಾಗದ ಬಂದಿದೆ. ಅವನ ದೇಶದ ಚಂದ್ರನಿಗೆ ಈಗ ಇಪ್ಪತ್ತೆಂಟೂಮುಕ್ಕಾಲು ದಿನವಂತೆ. ನಾಲ್ಕು ವರ್ಷಗಳಿಗೆ ಎರಡು ಹೆಚ್ಚಿನ ತಿಂಗಳುಗಳು ಬೇಕಾಗುತ್ತವೆಯಂತೆ. ಹನ್ನೆರಡಕ್ಕೆ ಹೆಸರುಗಳಿವೆ, ಹೆಚ್ಚಿನದಕ್ಕೆ ಮಾತ್ರ ಯಾವುದೂ ಒಗ್ಗುತ್ತಿಲ್ಲವೆಂದು ಬರೆದಿದ್ದಾನೆ. ವಾಚಕರಿಗೆ ಒಳ್ಳೆಯ ಹೆಸರು ತೋಚಿದರೆ ತಿಳಿಸಬಹುದು, ಅವನಿಗೆ ಮುಟ್ಟಿಸುತ್ತೇನೆ.